ಸೈಕೋಟೆಕ್ನಿಕ್ಸ್: ಟ್ರಾಮ್ ಚಾಲಕನ ಗಮನಕ್ಕೂ ಒಂದು ಪರೀಕ್ಷೆ

ಪ್ರಯೋಗಾಲಯದ ಮನಃಶಾಸ್ತ್ರವನ್ನು ಕೆಲಸ, ಚಿಕಿತ್ಸೆ, ಶಾಲೆ, ನ್ಯಾಯಾಲಯ, ವ್ಯಾಪಾರದಂಥ ಕಡೆ ಒಂದು ನಿರ್ದಿಷ್ಟ ಗುರಿಗಾಗಿ ಬಳಸುವ ವಿದ್ಯೆಗೆ ಸೈಕೋಟೆಕ್ನಿಕ್ಸ್ ಎಂದು ಹೆಸರು. 1903ರಲ್ಲಿ ಈ ಹೆಸರನ್ನು ಚಲಾವಣೆಗೆ ತಂದವರು ಜರ್ಮನಿಯ ಮನಃಶಾಸ್ತ್ರಜ್ಞ ವಿಲಿಯಂ ಸ್ಟರ್ನ್. ಅದನ್ನೊಂದು ಶಾಸ್ತ್ರವಾಗಿ ಕಟ್ಟಿದವರು ಹ್ಯೂಗೋ ಮ್ಯೂನ್‌ಸ್ಟರ್‌ಬರ್ಗ್ (1863–1916). ಡಾನ್‌ಜಿಗ್‌ನಲ್ಲಿ (ಇಂದಿನ ಪೋಲೆಂಡಿನ ಗ್ದಾನ್ಸ್ಕ್) ಹುಟ್ಟಿ, ಲೈಪ್‌ಜಿಗ್‌ನಲ್ಲಿ ಪ್ರಯೋಗಾಲಯದ ಮನಃಶಾಸ್ತ್ರಕ್ಕೆ ಬುನಾದಿ ಹಾಕಿದ ವಿಲ್ಹೆಲ್ಮ್ ವುಂಟ್ ಅವರ ಬಳಿ ಕಲಿತು, ವೈದ್ಯಕೀಯವನ್ನೂ ಓದಿಕೊಂಡು, 1892ರಲ್ಲಿ ಅಮೆರಿಕದ ಮನಃಶಾಸ್ತ್ರಜ್ಞ ವಿಲಿಯಂ ಜೇಮ್ಸ್ ಅವರ ಆಹ್ವಾನದ ಮೇಲೆ ಹಾರ್ವರ್ಡಿಗೆ ಹೋದವರು.

ಮ್ಯೂನ್‌ಸ್ಟರ್‌ಬರ್ಗ್ ಹಾಕಿದ ಒಂದು ಗೆರೆ ಮುಖ್ಯ. ಆಗಿಹೋದದ್ದನ್ನು ಮನಃಶಾಸ್ತ್ರದಿಂದ ವಿವರಿಸುವುದು ಸೈಕೋಟೆಕ್ನಿಕ್ಸ್ ಅಲ್ಲ, ಮುಂದೆ ಆಗಬೇಕಾದ್ದಕ್ಕೆ ದಾರಿ ಹುಡುಕುವುದು ಸೈಕೋಟೆಕ್ನಿಕ್ಸ್. ಆದರೆ ಗುರಿ ಯಾವುದೆಂದು ನಿರ್ಧರಿಸುವುದು ಅದರ ಕೆಲಸವಲ್ಲ. ಅಪಘಾತ ಕಡಿಮೆಯಾಗಬೇಕೆಂದು ಕಂಪನಿ ಹೇಳುತ್ತದೆ, ಅದಕ್ಕೆ ಎಂಥ ಚಾಲಕ ಬೇಕು ಎಂಬುದನ್ನು ಮನಃಶಾಸ್ತ್ರಜ್ಞರು ಹೇಳುತ್ತಾರೆ. ಈ ವಿದ್ಯೆಯ ಬಲವೂ ಮುಂದೆ ಅದರ ಸುತ್ತ ಎದ್ದ ಜಗಳಗಳೂ ಇಲ್ಲಿಂದಲೇ ಹೊರಟವು.

ಟ್ರಾಮ್ ಚಾಲಕರ ಪರೀಕ್ಷೆ ಇದಕ್ಕೆ ಅತ್ಯುತ್ತಮ ಮಾದರಿ. ಅಮೆರಿಕದ ಕೆಲವು ವಿದ್ಯುತ್ ರೈಲು ಕಂಪನಿಗಳಿಗೆ ವರ್ಷಕ್ಕೆ 50,000ದವರೆಗೆ ಪರಿಹಾರದ ಪ್ರಕರಣಗಳು ಬರುತ್ತಿದ್ದವು, ಕೆಲವೆಡೆ ಒಟ್ಟು ಆದಾಯದ 13 ಶೇಕಡಾ ಇದಕ್ಕೇ ಹೋಗುತ್ತಿತ್ತು ಎಂದು ಮ್ಯೂನ್‌ಸ್ಟರ್‌ಬರ್ಗ್ ಬರೆದಿದ್ದಾರೆ. ಮೊದಲು ಹೊಳೆಯುವ ಉಪಾಯವೆಂದರೆ ಬ್ರೇಕ್ ಹಾಕಲು ಎಷ್ಟು ಹೊತ್ತು ಹಿಡಿಯುತ್ತದೆಂದು ಅಳೆಯುವುದು. ಅವರು ಅದನ್ನು ಕೈಬಿಟ್ಟರು. ತೀರಾ ನಿಧಾನದವರನ್ನು ಕಂಪನಿ ಆಗಲೇ ಹೊರಗಿಟ್ಟಿರುತ್ತದೆ, ಉಳಿದವರ ನಡುವೆ ಆ ವಿಷಯದಲ್ಲಿ ಹೇಳಿಕೊಳ್ಳುವಂಥ ಅಂತರವಿಲ್ಲ. ನಿಜವಾದ ಅಂತರ ಇದ್ದದ್ದು ಬೇರೆ ಕಡೆ: ಬೀದಿಯಲ್ಲಿ ಓಡಾಡುವ ಜನ, ಕುದುರೆಗಾಡಿ, ಮೋಟಾರುಗಳ ಮೇಲೆ ಎಡೆಬಿಡದೆ ಗಮನವಿಟ್ಟು, ಯಾವುದು ಯಾವಾಗ ಹಳಿಗೆ ಬರುತ್ತದೆಂದು ಮುಂಚೆಯೇ ಊಹಿಸುವುದರಲ್ಲಿ.

ಪರೀಕ್ಷೆ ಕಾರ್ಡುಗಳದ್ದು. ಒಂದೊಂದು ಕಾರ್ಡನ್ನೂ ಅರ್ಧ ಇಂಚಿನ ಚೌಕಗಳಾಗಿ ಗೆರೆ ಎಳೆದು, ಅಗಲಕ್ಕೆ 9, ಉದ್ದಕ್ಕೆ 26 ಚೌಕ ಮಾಡುತ್ತಾರೆ. ನಡುವಿನ ಸಾಲು ಹಳಿ, ಅದರ ಮೇಲೆ ಇಂಗ್ಲಿಷಿನ 26 ಅಕ್ಷರಗಳು. ಅಕ್ಕಪಕ್ಕದ ಚೌಕಗಳಲ್ಲಿ ಅಂಕಿಗಳು: 1 ಎಂದರೆ ಪಾದಚಾರಿ, ಒಂದು ಚೌಕ ಸರಿಯುತ್ತಾನೆ. 2 ಕುದುರೆ, ಎರಡು ಚೌಕ. 3 ಮೋಟಾರು, ಮೂರು ಚೌಕ. ಕಪ್ಪು ಅಂಕಿಗಳು ಹಳಿಗೆ ಸಮಾಂತರವಾಗಿ ಹೋಗುವುದರಿಂದ ಅಪಾಯವಿಲ್ಲ. ಕೆಂಪು ಅಂಕಿಗಳು ಹಳಿಯತ್ತ ಬರುತ್ತವೆ, ಆದರೆ ಅವೂ ಎಲ್ಲವೂ ಅಪಾಯಕಾರಿಯಲ್ಲ. ಹಳಿಯಿಂದ ಮೂರನೇ ಚೌಕದಲ್ಲಿರುವ ಕೆಂಪು 3 ನೇರ ಹಳಿಯ ಮೇಲೆ ಬಂದು ನಿಲ್ಲುತ್ತದೆ. ನಾಲ್ಕನೆಯದರಲ್ಲಿದ್ದರೆ ಹಳಿ ಮುಟ್ಟುವುದಿಲ್ಲ, ಎರಡನೆಯದರಲ್ಲಿದ್ದರೆ ದಾಟಿ ಹೋಗಿರುತ್ತದೆ.

ಗಾಜಿನ ಕೆಳಗಿರುವ ಕಾರ್ಡಿನ ಮೇಲೆ ಕಿಟಕಿ ಕತ್ತರಿಸಿದ ಕಪ್ಪು ಮಖಮಲ್ ಪಟ್ಟಿ. ಹಿಡಿಕೆ ತಿರುಗಿಸಿದಂತೆ ಪಟ್ಟಿ ಸರಿದು ಹಳಿಯ ಒಂದೊಂದೇ ತುಂಡು ಕಾಣುತ್ತದೆ. ಎಷ್ಟು ವೇಗವಾಗಿ ತಿರುಗಿಸಬೇಕೆಂಬುದು ಚಾಲಕನಿಗೇ ಬಿಟ್ಟದ್ದು. ಅಪಾಯವಿರುವ ಅಕ್ಷರಗಳನ್ನು ಅವನು ಕೂಗಿ ಹೇಳಬೇಕು. ಒಟ್ಟು 12 ಕಾರ್ಡು. ಬರೀ ವೇಗ ನೋಡಿದರೆ ಆತುರಗಾರ ಗೆಲ್ಲುತ್ತಾನೆ, ಬರೀ ತಪ್ಪು ಎಣಿಸಿದರೆ ತೆವಳುವವನು. ಹಾಗಾಗಿ ಬಿಟ್ಟುಹೋದ ಅಕ್ಷರಗಳನ್ನು 10ರಿಂದ ಗುಣಿಸಿ, ತೆಗೆದುಕೊಂಡ ಸೆಕೆಂಡುಗಳಿಗೆ ಕೂಡಿಸಿದರು.

ಇಡೀ ಸಾಧನದಲ್ಲಿ ಟ್ರಾಮಿನ ಕುರುಹೇ ಇಲ್ಲ ಎಂಬುದನ್ನು ಗಮನಿಸಿ. ಪುಟಾಣಿ ಟ್ರಾಮ್ ಮಾಡಿಟ್ಟರೆ ಯಂತ್ರದ ನಕಲು ಸಿಗುತ್ತದೆ, ಮನಸ್ಸಿನ ಕೆಲಸ ಸಿಗದೆ ಹೋಗಬಹುದು. ಆಟಿಕೆಯ ಮುಂದೆ ಕುಳಿತವನ ಭಯ, ಎಚ್ಚರ ಬೇರೆಯೇ. ಮುಂದೆ ಈ ವಿದ್ಯೆ ಹಿಡಿದ ಬಹಳ ಮಂದಿ ಎಡವಿದ್ದು ಇಲ್ಲೇ ಎಂಬುದು ನಮ್ಮ ಅಭಿಪ್ರಾಯ: ಸಲಕರಣೆ ಹೆಚ್ಚಾಯಿತು, ವಿಶ್ಲೇಷಣೆ ಸೊರಗಿತು.

ಪರೀಕ್ಷೆ ಕಟ್ಟಿದರಷ್ಟೇ ಸಾಲದು, ಅದು ನಿಜ ಹೇಳುತ್ತದೆಯೇ ಎಂದೂ ನೋಡಬೇಕು. ಟೆಲಿಫೋನ್ ಆಪರೇಟರ್‌ಗಳ ವಿಷಯದಲ್ಲಿ ಅದು ಅನಾಯಾಸವಾಗಿ ನಡೆಯಿತು. ತರಬೇತಿಗೆ ಬಂದ ಹೆಣ್ಣುಮಕ್ಕಳಿಗೆ ಸಂಖ್ಯೆ ನೆನಪಿಡುವುದು, ಪತ್ರಿಕೆಯ ಪುಟದಲ್ಲಿ 6 ನಿಮಿಷ ಒಂದೇ ಅಕ್ಷರವನ್ನು ಹುಡುಕಿ ಹೊಡೆದುಹಾಕುವುದು ಮುಂತಾದ ಪರೀಕ್ಷೆ ಕೊಟ್ಟರು. ಕಂಪನಿ ಗುಟ್ಟಾಗಿ ಅವರ ನಡುವೆ ಪಳಗಿದ ಆಪರೇಟರ್‌ಗಳನ್ನೂ ಸೇರಿಸಿತ್ತು. ಅವರೇ ಮೇಲಿನ ಸ್ಥಾನಗಳಿಗೆ ಬಂದರು. ಆದರೆ ಇದರಲ್ಲೂ ಒಂದು ಸಂಶಯ ಉಳಿಯುತ್ತದೆ: ಪಳಗಿದವರ ಅಂಕ ಹೆಚ್ಚಾದದ್ದು ಹುಟ್ಟುಗುಣದಿಂದಲೋ, ಅಭ್ಯಾಸದಿಂದಲೋ? ಹೊಸಬರನ್ನು ಮೊದಲು ಪರೀಕ್ಷಿಸಿ, ತಿಂಗಳುಗಳ ನಂತರ ಅವರ ಕೆಲಸದೊಂದಿಗೆ ಹೋಲಿಸಿದರೆ ಮಾತ್ರ ಇದು ತಿಳಿಯುತ್ತದೆ.

ಚಿಕಿತ್ಸೆಯ ಕುರಿತು ಮ್ಯೂನ್‌ಸ್ಟರ್‌ಬರ್ಗ್ 1909ರಲ್ಲಿ ಪುಸ್ತಕ ಬರೆದರು. ಮನಸ್ಸಿಗೆ ನಾಟುವಂಥ ಸೂಚನೆಯ (ಸಜೆಶನ್) ಮೂಲಕ ರೋಗಿಯ ಗಮನವನ್ನು ತಿರುಗಿಸುವುದು ವಿಧಾನ, ಸುಪ್ತ ಮನಸ್ಸನ್ನು ಅವರು ಒಪ್ಪಲೇ ಇಲ್ಲ. ನ್ಯಾಯಾಲಯದ ಸಾಕ್ಷಿಗಳ ನೆನಪಿನ ಬಗ್ಗೆ 1908ರಲ್ಲಿ ಬರೆದದ್ದಕ್ಕೆ ವಕೀಲರಿಂದ ಕಟುವಾದ ವ್ಯಂಗ್ಯ ಎದುರಾಯಿತು.

ಸಿನಿಮಾ ಕುರಿತ 1916ರ ಪುಸ್ತಕ ಇವತ್ತಿಗೂ ಓದಿಸಿಕೊಳ್ಳುತ್ತದೆ. ಅದರ ವಾದ ಇಷ್ಟು: ಕ್ಲೋಸ್‌ಅಪ್ ಎಂದರೆ ಪರದೆಯ ಮೇಲೆ ಕಾಣುವ ಗಮನ. ಹಿಂದಿನ ದೃಶ್ಯಕ್ಕೆ ಹಾರುವುದು ನೆನಪು. ಬಿಡಿ ಚಿತ್ರಗಳಲ್ಲಿ ಚಲನೆ ಇಲ್ಲ, ಅದನ್ನು ನೋಡುವವನ ಮನಸ್ಸು ಹಾಕುತ್ತದೆ. ಅದೇ ವರ್ಷ ಡಿಸೆಂಬರ್‌ನಲ್ಲಿ ಪಾಠ ಮಾಡುತ್ತಿರುವಾಗಲೇ ಅವರು ತೀರಿಕೊಂಡರು.

ಮೊದಲ ಮಹಾಯುದ್ಧದಲ್ಲಿ ಜರ್ಮನ್ ಸೇನೆ ವಾಹನ ಚಾಲಕರನ್ನು ಇದೇ ಬಗೆಯ ಪರೀಕ್ಷೆಗಳಿಂದ ಆರಿಸಿತು. ವಾಲ್ಟರ್ ಮ್ಯೋಡೆ ಆ ಕೆಲಸದಲ್ಲಿದ್ದರು. ಯುದ್ಧ ಮುಗಿದ ಮೇಲೆ ಕಾರ್ಖಾನೆಗಳೂ ರೈಲ್ವೆಯೂ ಇದನ್ನು ಹಿಡಿದವು. ಸೋವಿಯತ್ ಒಕ್ಕೂಟದಲ್ಲಿ ಐಸಾಕ್ ಶ್ಪೀಲ್‌ರೈನ್ ಅವರ ನೇತೃತ್ವದಲ್ಲಿ ದೊಡ್ಡದಾಗಿ ಬೆಳೆದು, 1931ರಲ್ಲಿ ಮಾಸ್ಕೋದಲ್ಲಿ ಅಂತರರಾಷ್ಟ್ರೀಯ ಸಮ್ಮೇಳನವೂ ನಡೆಯಿತು. 1935ರಲ್ಲಿ ಅವರ ಬಂಧನವಾಯಿತು, 1937ರಲ್ಲಿ ಗುಂಡಿಟ್ಟು ಕೊಂದರು. ಗುರಿ ನಿರ್ಧರಿಸುವವರು ಬದಲಾದಾಗ ಪರೀಕ್ಷೆ ನಡೆಸುವವರ ಗತಿ ಹೀಗೂ ಆಗಬಹುದಿತ್ತು. 1955ರಲ್ಲಿ ಈ ವಿದ್ಯೆಯವರ ಅಂತರರಾಷ್ಟ್ರೀಯ ಸಂಘವೂ ತನ್ನ ಹೆಸರಿನಿಂದ ಸೈಕೋಟೆಕ್ನಿಕ್ಸ್ ಅನ್ನು ಕೈಬಿಟ್ಟು ಅನ್ವಯಿಕ ಮನಃಶಾಸ್ತ್ರ ಎಂದು ಇಟ್ಟುಕೊಂಡಿತು.

ಭಾರತಕ್ಕೆ ಈ ಪರಂಪರೆ ನೇರವಾಗಿ ಬಂತು. ಕಲ್ಕತ್ತ ವಿಶ್ವವಿದ್ಯಾಲಯದಲ್ಲಿ 1916ರಲ್ಲಿ ಶುರುವಾದ ಮನಃಶಾಸ್ತ್ರ ವಿಭಾಗದ ಮುಖ್ಯಸ್ಥ ನರೇಂದ್ರನಾಥ ಸೇನ್‌ಗುಪ್ತ ಹಾರ್ವರ್ಡಿನಲ್ಲಿ ಮ್ಯೂನ್‌ಸ್ಟರ್‌ಬರ್ಗ್ ಶಿಷ್ಯರು. ಮೈಸೂರಿನ ಕವಲು ಬೇರೆ: 1924ರಲ್ಲಿ ಅಲ್ಲಿ ವಿಭಾಗ ಕಟ್ಟಿದ ಎಂ.ವಿ. ಗೋಪಾಲಸ್ವಾಮಿ ಲಂಡನ್ನಿನಲ್ಲಿ ಬುದ್ಧಿಶಕ್ತಿಯ ಅಳತೆಗೆ ಹೆಸರಾದ ಚಾರ್ಲ್ಸ್ ಸ್ಪಿಯರ್‌ಮನ್ ಬಳಿ ಕಲಿತು ಬಂದವರು.