ಹೆಸರು ಹಾಕಿಲ್ಲ, ಆದರೂ ಮನೆ ಗೊತ್ತಾಗುತ್ತದೆ

ಶಿರಸಿಯ ಪತ್ರಿಕೆಯೊಂದರಲ್ಲಿ ವರದಿ ತಿದ್ದುವ ಕೆಲಸ ನನ್ನದು. ಒಂದು ರಾತ್ರಿ ಪೋಕ್ಸೊ, ಅಂದರೆ ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ ತಡೆಯುವ ಕಾಯ್ದೆಯಡಿಯ ಪ್ರಕರಣದ ವರದಿ ಬಂತು. ಹುಡುಗಿಯ ಹೆಸರಿರಲಿಲ್ಲ. ಮಜರೆಯ ಹೆಸರಿತ್ತು. ಎಂಟನೇ ತರಗತಿ ಅಂತಿತ್ತು. ತಂದೆ ಅಡಿಕೆ ಕೊನೆ ಕೊಯ್ಯುವ ಕೊನೆಗೌಡ ಅಂತಲೂ ಇತ್ತು. (ಗುರುತು ಸಿಗದ ಹಾಗೆ ಇಲ್ಲಿ ವಿವರ ಬದಲಿಸಿದ್ದೇನೆ.)

ವರದಿಗಾರನಿಗೆ ಫೋನ್ ಮಾಡಿದೆ. ‘ಅಕ್ಕಾ, ನಾನು ಹೆಸರು ಹಾಕಲೇ ಇಲ್ವಲ್ಲ’ ಅಂದ. ನಿಜ, ಹೆಸರು ತೆಗೆದರೆ ಮುಗಿಯಿತು ಅಂತಲೇ ನಾವೆಲ್ಲ ಕಲಿತದ್ದು. ಆದರೆ ಆ ಮಜರೆಯಲ್ಲಿ ಇರುವುದೇ ಆರು ಮನೆ. ಬಸ್ ಹತ್ತಿ ಎಂಟನೇ ತರಗತಿಗೆ ಹೋಗುವ ಹುಡುಗಿ ಒಬ್ಬಳೇ. ಪೇಪರ್ ಹಾಲಿನ ಡೇರಿ ಮುಟ್ಟುವಷ್ಟರಲ್ಲಿ ಊರಿಗೆಲ್ಲ ಗೊತ್ತಾಗುತ್ತಿತ್ತು. ಕರಾವಳಿಯಲ್ಲೂ ಅಷ್ಟೇ. ಕೇರಿಯ ಹೆಸರು, ಅಪ್ಪನ ದೋಣಿ, ಎರಡು ಸೇರಿದರೆ ಸಾಕು.

ಪೋಕ್ಸೊ ಕಾಯ್ದೆಯ 23ನೇ ಕಲಂ ಮಗುವಿನ ಹೆಸರು, ಫೋಟೊ ಅಷ್ಟೇ ಅಲ್ಲ, ಮನೆಯವರ, ಶಾಲೆಯ, ನೆರೆಹೊರೆಯ ವಿವರವೂ ಬೇಡ ಅನ್ನುತ್ತದೆ. ಅತ್ಯಾಚಾರಕ್ಕೆ ಗುರಿಯಾದ ದೊಡ್ಡವರ ಗುರುತು ಬಯಲು ಮಾಡಿದರೆ ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಂ ಪ್ರಕಾರ 2 ವರ್ಷದವರೆಗೆ ಜೈಲು. ದೂರದ ಸುಳಿವೂ ಸಿಗಬಾರದು ಅಂತ ಸುಪ್ರೀಂ ಕೋರ್ಟ್ 2018ರಲ್ಲಿ ನಿಪುಣ್ ಸಕ್ಸೇನಾ ಪ್ರಕರಣದಲ್ಲಿ ಹೇಳಿದೆ.

ನಿಜವಾದ ಕಷ್ಟ ಬರುವುದು ಆರೋಪಿ ಮನೆಯವನೇ ಆದಾಗ. ಒಂದು ಪತ್ರಿಕೆ ‘ಚಿಕ್ಕಪ್ಪನ ಬಂಧನ’ ಅಂತ ಹಾಕಿ ಹೆಸರು ಬಿಡುತ್ತದೆ. ಇನ್ನೊಂದು ಹೆಸರು ಹಾಕಿ ಸಂಬಂಧ ಬಿಡುತ್ತದೆ. ಬೇರೆ ಬೇರೆಯಾಗಿ ನೋಡಿದರೆ ಎರಡೂ ಸರಿ. ಆದರೆ ಚಹಾದಂಗಡಿಯ ಮೇಜಿನ ಮೇಲೆ ಎರಡೂ ಪೇಪರ್ ಇರುತ್ತವೆ, ಅಲ್ವಾ? ಅದಕ್ಕೇ ಇಂಥ ಸುದ್ದಿ ಬಂದ ಸಂಜೆ ನಾನು ಬೇರೆ ಪತ್ರಿಕೆಯವರಿಗೂ ಫೋನ್ ಮಾಡುತ್ತೇನೆ. ಸಣ್ಣ ಊರಾದರೆ ಅವನ ಹೆಸರೂ ಬೇಡ, ಸಂಬಂಧವೂ ಬೇಡ ಅನ್ನುತ್ತೇನೆ. ಆರೋಪಿಯನ್ನು ಬಚ್ಚಿಡುತ್ತೀರಾ ಅಂತ ಬೈಸಿಕೊಂಡಿದ್ದೂ ಇದೆ. ಅವನ ಹೆಸರು ಎಫ್‌ಐಆರ್‌ನಲ್ಲಿದೆ, ಕೋರ್ಟಿನಲ್ಲಿದೆ. ಪೇಪರಿನಲ್ಲಿ ಬಂದರೆ ನಾಳೆ ಬಸ್ಸಿನಲ್ಲಿ ಎಲ್ಲರೂ ತಿರುಗಿ ನೋಡುವುದು ಆ ಹುಡುಗಿಯನ್ನು.

ಇನ್ನು ಮಾತಿನ ವಿಷಯ. ‘ಯುವತಿ ಅತ್ಯಾಚಾರಕ್ಕೊಳಗಾದಳು’ ಅನ್ನುವ ವಾಕ್ಯದಲ್ಲಿ ಮಾಡಿದವನು ಎಲ್ಲಿದ್ದಾನೆ? ‘ಮಾನ ಕಳೆದುಕೊಂಡಳು’ ಅಂತ ಬಂದರೆ ನಾನು ಕಣ್ಣು ಮುಚ್ಚಿ ಹೊಡೆದುಹಾಕುತ್ತೇನೆ. ‘ರಾತ್ರಿ ಒಬ್ಬಳೇ ಹೋಗಿದ್ದಳು’ ಅನ್ನುವುದನ್ನೂ. ಯಕ್ಷಗಾನದಲ್ಲಿ ಕೀಚಕನ ಆಟ ಎಷ್ಟು ಸಲ ನೋಡಿಲ್ಲ ನಾವು! ಸೈರಂಧ್ರಿಯಾಗಿದ್ದ ದ್ರೌಪದಿ ಅವನ ಮನೆಗೆ ಯಾಕೆ ಹೋದಳು ಅಂತ ವೇಷ ಕಟ್ಟುವ ಚೌಕಿಯಲ್ಲೂ ಕೇಳುವುದಿಲ್ಲ, ಚಾಪೆ ಹಾಸಿ ಕೂತವರೂ ಕೇಳುವುದಿಲ್ಲ. ಕಳಿಸಿದ್ದು ರಾಣಿ ಸುದೇಷ್ಣೆ, ಕೈ ಹಿಡಿದದ್ದು ಕೀಚಕ. ಮಕ್ಕಳಿಗೂ ಗೊತ್ತು.

ಆ ರಾತ್ರಿಯ ವರದಿ ಕೊನೆಗೆ ನಾಲ್ಕು ಸಾಲಾಯಿತು. ಘಟ್ಟದ ಮೇಲಿನ ತಾಲೂಕು, ದೂರು ದಾಖಲು, ಆರೋಪಿ ಬಂಧನ, ತನಿಖೆ. ಕೆಳಗೆ ಮಕ್ಕಳ ಸಹಾಯವಾಣಿ 1098. ಕೆಲವು ತಿಂಗಳ ಮೇಲೆ ಅದೇ ಹುಡುಗ ಇನ್ನೊಂದು ವರದಿ ಕಳಿಸಿದ. ಮೇಲ್ಗಡೆ ಬರೆದಿದ್ದ: ‘ಅಕ್ಕಾ, ಮಜರೆ ಯಾವುದು ಅಂತ ನೀವೂ ಕೇಳಬೇಡಿ.’