ಅರ್ಧ ಇಂಚು ಸೇರಿಸೋದು ಎಲ್ಲಿ?

ಮಾರಿಕಾಂಬಾ ಜಾತ್ರೆ ಹತ್ತಿರ ಬಂತೆಂದರೆ ಶಿರಸಿಯಲ್ಲಿ ಹೊಲಿಗೆಯವರಿಗೆ ಊಟಕ್ಕೂ ಪುರುಸೊತ್ತಿರುವುದಿಲ್ಲ. ಕಳೆದ ಜಾತ್ರೆಯ ಹೊತ್ತಿಗೆ ನನ್ನ ಹೊಲಿಗೆ ಕ್ಲಾಸಿನ ಒಬ್ಬರು ಮುಖ ಸಣ್ಣದು ಮಾಡಿಕೊಂಡು ಬಂದರು. ಕೈಯಲ್ಲಿ ಮಗಳ ರೇಷ್ಮೆ ಬ್ಲೌಸು. ಅವರದು ಎದೆ ಸುತ್ತ 32 ಇಂಚು, ಮಗಳದು 34. ತಮ್ಮ ಅಳತೆ ಬ್ಲೌಸನ್ನು ಪೇಪರಿನ ಮೇಲಿಟ್ಟು ಗೆರೆ ಎಳೆದು, ಸುತ್ತಲೂ ಅರ್ಧರ್ಧ ಇಂಚು ಜಾಸ್ತಿ ಬಿಟ್ಟು ಕತ್ತರಿಸಿದ್ದರು. ಎದೆ ಚೆನ್ನಾಗಿ ಕೂತಿತ್ತು. ಆದರೆ ಭುಜ ತೋಳಿನ ಮೇಲೆ ಇಳಿದಿತ್ತು, ಕುತ್ತಿಗೆ ಬಿಗಿದಿತ್ತು.

"ಎಲ್ಲ ಕಡೆ ಸಮ ಕೊಟ್ಟಿದ್ದೆ ಅಲ್ವಾ ಟೀಚರೇ?" ಎಂದರು.

ಸಮ ಕೊಟ್ಟಿದ್ದೇ ತೊಂದರೆ. ಮೈ ಎಲ್ಲ ಕಡೆ ಸಮವಾಗಿ ಬೆಳೆಯುವುದಿಲ್ಲ. ಎದೆ ಎರಡು ಇಂಚು ಹೆಚ್ಚಾದರೆ ನಾಲ್ಕು ಭಾಗಕ್ಕೆ ಅರ್ಧರ್ಧ ಇಂಚು ಬರುತ್ತದೆ, ಅದು ಬದಿಯ ಹೊಲಿಗೆಗೆ ಸೇರಬೇಕು. ಭುಜಕ್ಕೆ ಒಂದು ಬದಿಗೆ ಕಾಲು ಇಂಚು ಸಾಕು. ಕುತ್ತಿಗೆಗೆ ಅರೆಕಾಲು ಇಂಚೂ ಜಾಸ್ತಿಯೇ. ಅದೂ ಕುತ್ತಿಗೆ ಅಗಲವಾಗುವ ಹಾಗೆ ಕೊಡಬೇಕು. ಸುತ್ತಲೂ ಗೆರೆ ಹೊರಗೆ ತಳ್ಳಿದರೆ ಕುತ್ತಿಗೆಯ ಬಾಯಿ ಚಿಕ್ಕದಾಗುತ್ತದೆ. ಕಾಗದದ ಮೇಲೆ ಒಮ್ಮೆ ಎಳೆದು ನೋಡಿ, ತಿಳಿಯುತ್ತದೆ.

ಈ ಲೆಕ್ಕವನ್ನು ಮನೆಯಲ್ಲಿ ಹೊಲಿಯುವವರ ಕೈಗೆ ಕಾಗದದಲ್ಲೇ ಮಾಡಿಕೊಟ್ಟವರು ಎಬನೆಜರ್ ಬಟರಿಕ್. ಅಮೆರಿಕದ ಮ್ಯಾಸಚೂಸೆಟ್ಸ್‌ನ ಸ್ಟರ್ಲಿಂಗ್ ಎಂಬ ಸಣ್ಣ ಊರಿನ ದರ್ಜಿ. ಅವರ ಹೆಂಡತಿ ಎಲೆನ್ ಮಗುವಿಗೆ ಅಂಗಿ ಕತ್ತರಿಸಲು ಊಟದ ಮೇಜಿನ ಮೇಲೆ ಬಟ್ಟೆ ಹಾಸಿಕೊಂಡಿದ್ದರಂತೆ. ಮಗುವಿನ ಅಳತೆಗೇ ಸರಿಯಾದ ಮಾದರಿ, ಅಂದರೆ ಬಟ್ಟೆಯ ಮೇಲಿಟ್ಟು ಕತ್ತರಿಸುವ ಆಕಾರ, ಸಿಕ್ಕರೆ ಎಷ್ಟು ಸಲೀಸು ಎಂದರಂತೆ. ಕಂಪನಿಯವರು ಹೇಳಿಕೊಂಡು ಬಂದ ಕಥೆ ಇದು. ನಮ್ಮ ಕ್ಲಾಸಿನಲ್ಲಿ ದಿನವೂ ಕೇಳುವ ಮಾತು ಹೀಗೇ ಇರುವುದರಿಂದ ನನಗೆ ನಂಬಿಕೆ ಬರುತ್ತದೆ. 1863ರಲ್ಲಿ ಅವರ ಮಾದರಿಗಳು ಮಾರಾಟಕ್ಕೆ ಬಂದವು.

ಕಾಗದದ ಮಾದರಿ ಅದಕ್ಕೂ ಮೊದಲೇ ಇತ್ತು. ನ್ಯೂಯಾರ್ಕಿನ ಮೇಡಂ ಡೆಮೊರೆಸ್ಟ್ 1860ರ ಹೊತ್ತಿಗೇ ಮಾರುತ್ತಿದ್ದರು. ಆದರೆ ಅದು ಒಂದೇ ಸೈಜು. ದೊಡ್ಡದು, ಚಿಕ್ಕದು ಮಾಡಿಕೊಳ್ಳುವ ಕಷ್ಟ ಕೊಂಡವರದ್ದೇ. ಬಟರಿಕ್ ಒಂದೇ ಅಂಗಿಯನ್ನು ಬೇರೆ ಬೇರೆ ಸೈಜಿನಲ್ಲಿ ಕೊಟ್ಟರು. ನನ್ನ ಪ್ರಕಾರ ಅವರ ದೊಡ್ಡ ಕೆಲಸ ಇದೇ. ಎಲ್ಲಿ ಅರ್ಧ ಇಂಚು, ಎಲ್ಲಿ ಕಾಲು ಇಂಚು ಎಂದು ಲೆಕ್ಕ ಹಾಕುವ ದರ್ಜಿ ಆ ಕಾಗದದ ಒಳಗೇ ಕೂತಿದ್ದ.

ಮೊದಲು ಗಟ್ಟಿ ಕಾಗದದಲ್ಲಿ ಮಾಡಿದರು. ಅದು ಮಡಚಲು ಬರುವುದಿಲ್ಲ, ಅಂಚೆಗೂ ಭಾರ. ಆಮೇಲೆ ತೆಳು ಟಿಶ್ಯೂ ಕಾಗದಕ್ಕೆ ಬಂದರು. ಮಾದರಿಗಳು ಅಂಚೆಯಲ್ಲಿ ಹಳ್ಳಿಹಳ್ಳಿಗೆ ಹೋದವು. ಆ ಕಾಗದದ ಮೇಲೆ ಅಕ್ಷರವಿಲ್ಲ, ಗೆರೆಯಿಲ್ಲ. ಬರೀ ತೂತುಗಳು, ಅಂಚಿನಲ್ಲಿ ಕಚ್ಚುಗಳು. ಯಾವ ತೂತು ಯಾವುದಕ್ಕೆ ಎಂದು ಓದಿ ತಿಳಿದುಕೊಂಡು ಆ ಹೆಂಗಸರು ಹೊಲಿದರು. ಗೆರೆ ಮುದ್ರಿಸಿದ ಮಾದರಿ ಮೆಕಾಲ್ ಕಂಪನಿಯಿಂದ ಬಂದದ್ದು 1920ರ ಆಸುಪಾಸಿಗೆ. 1927ರಲ್ಲಿ ಶುರುವಾದ ಸಿಂಪ್ಲಿಸಿಟಿ ಕಂಪನಿ ಬೆಲೆ ಇಳಿಸಿತು. ಜರ್ಮನಿಯ ಎನ್ನೆ ಬುರ್ಡಾ 1950ರಲ್ಲಿ ಪತ್ರಿಕೆ ಶುರು ಮಾಡಿ, ಆಮೇಲೆ ಅದರ ಜೊತೆಗೇ ಮಾದರಿ ಹಾಳೆ ಕೊಟ್ಟರು.

ನಮ್ಮಲ್ಲಿ ಲಕೋಟೆಯಲ್ಲಿ ಬರುವ ಈ ಮಾದರಿಗಳ ಬಳಕೆ ಹೆಚ್ಚು ಬೆಳೆಯಲಿಲ್ಲ. ನಮಗೆ ಅಳತೆ ಬ್ಲೌಸೇ ಮಾದರಿ. ದರ್ಜಿ ಬಟ್ಟೆಯ ಮೇಲೆ ನೇರ ಚಾಕ್ ಎಳೆಯುತ್ತಾನೆ. ಈಗ ಹುಡುಗಿಯರು ಮೊಬೈಲಿನಲ್ಲಿ ಮಾದರಿ ಇಳಿಸಿಕೊಂಡು ಪ್ರಿಂಟ್ ತರುತ್ತಿದ್ದಾರೆ. ನನಗೆ ತುಂಬಾ ಖುಷಿ. ಆದರೆ ಹಾಳೆಯಲ್ಲಿ ಅಳತೆ ಬರೆದಿರುವ ಚಿಕ್ಕ ಚೌಕವನ್ನು ಮೊದಲು ಸ್ಕೇಲ್ ಹಿಡಿದು ಅಳೆಯಿರಿ. ಬರೆದಷ್ಟೇ ಇಲ್ಲದಿದ್ದರೆ ಪ್ರಿಂಟ್ ಕುಗ್ಗಿದೆ ಇಲ್ಲವೇ ಹಿಗ್ಗಿದೆ ಎಂದರ್ಥ. ಮಾರ್ಜಿನ್, ಅಂದರೆ ಹೊಲಿಗೆಗೆಂದು ಅಂಚಿನಲ್ಲಿ ಜಾಸ್ತಿ ಬಿಡುವ ಬಟ್ಟೆ, ಅದನ್ನೂ ನೋಡಿ. ಬಟರಿಕ್, ಸಿಂಪ್ಲಿಸಿಟಿಯಂಥವರು ಸಾಮಾನ್ಯವಾಗಿ ಅರ್ಧ ಇಂಚಿಗಿಂತ ಸ್ವಲ್ಪ ಜಾಸ್ತಿ ಬಿಡುತ್ತಾರೆ. ಬುರ್ಡಾ ಪತ್ರಿಕೆಯ ಹಾಳೆಯಲ್ಲಿ ಮಾರ್ಜಿನ್ ಇರುವುದೇ ಇಲ್ಲ, ನೀವೇ ಸೇರಿಸಬೇಕು. ನಾವಂತೂ ಮುಂದೆ ಬಿಚ್ಚಿ ದೊಡ್ಡದು ಮಾಡಲೆಂದು ಬದಿಗೆ ಒಂದೂವರೆ ಇಂಚು ಬಿಡುವವರು. ಆ ರೂಢಿಯನ್ನು ಕೈಬಿಡಬೇಡಿ.

ಇನ್ನೊಂದು, ನಮ್ಮ ಮಳೆಗಾಲದ ಮಾತು. ಹಳೆ ನ್ಯೂಸ್‌ಪೇಪರ್ ಥಂಡಿ ಹಿಡಿದು ಮೆತ್ತಗಾಗುತ್ತದೆ, ಅಂಚು ಮಡಚಿ ಅಳತೆ ತಪ್ಪುತ್ತದೆ. ಬಿಳಿ ಬಟ್ಟೆಗೆ ಅದರ ಶಾಯಿಯೂ ಹತ್ತುತ್ತದೆ. ಬ್ರೌನ್ ಪೇಪರ್ ತನ್ನಿ.

ಆ ರೇಷ್ಮೆ ಬ್ಲೌಸು ಉಳಿಯಿತು. ಬಟ್ಟೆ ಹೆಚ್ಚಾಗಿದ್ದದ್ದು ಭುಜದಲ್ಲಿ, ಕುತ್ತಿಗೆಯಲ್ಲಿ. ಕಡಿಮೆ ಬಿದ್ದಿರಲಿಲ್ಲ. ತೋಳು ಬಿಚ್ಚಿ ಭುಜ ತಗ್ಗಿಸಿದೆವು, ಕುತ್ತಿಗೆ ಅರ್ಧ ಇಂಚು ಕೆತ್ತಿ ಪಟ್ಟಿ ಹೊಸದಾಗಿ ಕೊಟ್ಟೆವು. ಮರುದಿನ ಅವರು ಬ್ರೌನ್ ಪೇಪರ್ ತಂದು 34ರ ಮಾದರಿ ಬೇರೆಯೇ ಎಳೆದರು. ಮೇಲೆ ಮಗಳ ಹೆಸರು, ತಾರೀಕು ಬರೆದು, ತೂತು ಮಾಡಿ ಮೊಳೆಗೆ ನೇತುಹಾಕಿದರು.