ಗುಮ್ಮಟದ ಗೋಡೆ ಹಿಡಿದು ಓಡುವ ಪಿಸುಮಾತು

ಗೋಳಗುಮ್ಮಟ ನೋಡಬೇಕಾದರೆ ಬೆಳಿಗ್ಗೆ ಗೇಟು ತೆಗೆಯುವ ಹೊತ್ತಿಗೇ ಹೋಗಬೇಕು. ವಿಜಯಪುರಕ್ಕೆ ಬರುವ ನೆಂಟರಿಗೆಲ್ಲ ನಾವು ಮೊದಲು ಹೇಳುವ ಮಾತು ಇದು. ಹೊತ್ತು ಏರಿದರೆ ಶಾಲಾ ಪ್ರವಾಸದ ಬಸ್ಸುಗಳು ಬಂದು ನಿಲ್ಲುತ್ತವೆ. ಮಕ್ಕಳು ಮೇಲೆ ಹತ್ತಿ ಕೂಗುತ್ತಾರೆ, ಸಿಳ್ಳೆ ಹಾಕುತ್ತಾರೆ. ಒಂದು ಕೂಗು ಏಳು ಸಲ ತಿರುಗಿ ಬರುತ್ತದೆ. ನೂರು ಮಕ್ಕಳು ಒಟ್ಟಿಗೆ ಕೂಗಿದರೆ ಏನಾಗುತ್ತದೆ ಅಂತ ನೀವೇ ಲೆಕ್ಕ ಹಾಕಿ. ಆ ಗದ್ದಲದಲ್ಲಿ ಗುಮ್ಮಟದ ನಿಜವಾದ ಸೋಜಿಗ ಯಾರಿಗೂ ಕೇಳುವುದೇ ಇಲ್ಲ.

ಹೋದ ಚಳಿಗಾಲದಲ್ಲಿ ಅಕ್ಕನ ಮಗಳನ್ನು ಕರೆದುಕೊಂಡು ಹೋಗಿದ್ದೆ. ಏಳನೇ ತರಗತಿಯ ಹುಡುಗಿ. ಮೂಲೆಯ ಮಿನಾರಿನೊಳಗಿನ ಕಿರಿದಾದ ಮೆಟ್ಟಿಲು ಹತ್ತಿ, ಏಳು ಅಂತಸ್ತು ದಾಟಿ ಗ್ಯಾಲರಿಗೆ ಬಂದಾಗ ಅಲ್ಲಿ ನಾವಿಬ್ಬರೇ. "ನೀ ಇಲ್ಲೇ ನಿಲ್ಲು. ಗ್ವಾಡಿ ಕಡೆ ಮುಖ ಮಾಡಿ ಮೆಲ್ಲಕ ಮಾತಾಡು, ನಾ ಆಚೆ ಕಡೆ ಹೋಗ್ತೀನಿ" ಅಂತ ಹೇಳಿ ಗೋಡೆಗುಂಟ ನಡೆಯತೊಡಗಿದೆ. ಅರ್ಧ ಸುತ್ತೂ ಮುಗಿದಿರಲಿಲ್ಲ. ಕಾಲುಭಾಗ ನಡೆದು ಉಸಿರು ತೆಗೆದುಕೊಳ್ಳಲು ಗೋಡೆಗೆ ಒರಗಿದೆ. ಆಗ ಕಿವಿಯ ಪಕ್ಕದಲ್ಲೇ ಯಾರೋ ನಿಂತು ಹೇಳಿದ ಹಾಗೆ ಕೇಳಿಸಿತು: "ಮಾಮಾ, ಕೇಳ್ಸಾಕತ್ತೈತೇನ್ರಿ?"

ನಾನು ಅಲ್ಲೇ ನಿಂತುಬಿಟ್ಟೆ. ಚಿಕ್ಕವನಿದ್ದಾಗಿನಿಂದ ನನ್ನ ತಲೆಯಲ್ಲಿ ಇದ್ದದ್ದು ಒಂದೇ ಮಾತು. ಪಿಸುಮಾತು ಕೇಳಬೇಕಾದರೆ ಸರಿಯಾಗಿ ಎದುರುಬದುರು ನಿಲ್ಲಬೇಕು. ಎಲ್ಲರೂ ಎದುರು ನಿಂತೇ ಕೇಳುತ್ತಾರೆ, ಹಾಗಾಗಿ ಅದೇ ನಿಯಮ ಅನ್ನಿಸಿಬಿಟ್ಟಿತ್ತು. ಆದರೆ ನಾನು ಎದುರಿಗೆ ಇರಲೇ ಇಲ್ಲ.

ಇದೇ ಪ್ರಶ್ನೆ ಲಂಡನ್ನಿನಲ್ಲೂ ಎದ್ದಿತ್ತು. ಅಲ್ಲಿನ ಸೇಂಟ್ ಪಾಲ್ಸ್ ಕೆಥೆಡ್ರಲ್‌ನ ಗುಮ್ಮಟದಲ್ಲೂ ಇಂಥದ್ದೇ ಒಂದು ಗ್ಯಾಲರಿ ಇದೆ. ಇಂಗ್ಲೆಂಡಿನ ರಾಜ ಖಗೋಳಜ್ಞರಾಗಿದ್ದ ಜಾರ್ಜ್ ಏರಿ, ಗುಮ್ಮಟಕ್ಕೆ ಬಡಿದ ದನಿಯೆಲ್ಲ ಎದುರು ದಿಕ್ಕಿನ ಒಂದು ಜಾಗದಲ್ಲಿ ಬಂದು ಕೂಡುತ್ತದೆ ಎಂದು ತಿಳಿದಿದ್ದರು. ಕನ್ನಡಿ ಬೆಳಕನ್ನು ಒಂದು ಕಡೆ ಕೂಡಿಸುತ್ತದಲ್ಲ, ಹಾಗೆ. ಅಲ್ಲಿನ ಭೌತವಿಜ್ಞಾನಿ ಲಾರ್ಡ್ ರೇಲಿ ಅದನ್ನು ಒಪ್ಪಲಿಲ್ಲ. ಪಿಸುಮಾತು ಗೋಡೆಯುದ್ದಕ್ಕೂ ಎಲ್ಲಿ ಬೇಕಾದರೂ ಕೇಳುತ್ತದಲ್ಲ, ಎದುರಿಗೆ ಮಾತ್ರ ಅಂತ ಯಾಕೆ ಹೇಳುತ್ತೀರಿ ಎನ್ನುವುದು ಅವರ ವಾದ. ದನಿ ಗುಮ್ಮಟದ ನಡುವಿನಿಂದ ಹಾರಿ ಬರುವುದಿಲ್ಲ, ಗೋಡೆಯನ್ನೇ ಹಿಡಿದುಕೊಂಡು ತೆವಳುತ್ತಾ ಬರುತ್ತದೆ ಎಂದರು.

ಅದನ್ನು ತೋರಿಸಲು ಅವರು ಮಾಡಿದ ಪ್ರಯೋಗ ನನಗೆ ಬಹಳ ಇಷ್ಟ. ಉದ್ದನೆಯ ಸತುವಿನ ತಗಡನ್ನು ಅರ್ಧವೃತ್ತದಂತೆ ಬಾಗಿಸಿದರು. ಒಂದು ತುದಿಯಲ್ಲಿ ಹಕ್ಕಿಯಂತೆ ಕೂಗುವ ಸಣ್ಣ ಪೀಪಿ. ಇನ್ನೊಂದು ತುದಿಯಲ್ಲಿ ದನಿ ತಾಕಿದರೆ ನಡುಗುವ ಗ್ಯಾಸಿನ ಉರಿ. ಪೀಪಿ ಊದಿದರೆ ಉರಿ ಕುಣಿಯುತ್ತಿತ್ತು. ಆಮೇಲೆ ತಗಡಿನ ಒಳಮೈಗೆ ಒಂದು ಕಿರಿದಾದ ಪಟ್ಟಿಯನ್ನು ಅಡ್ಡ ಹಿಡಿದರು. ಅಷ್ಟೇ, ಉರಿ ಸುಮ್ಮನಾಯಿತು. ಪೀಪಿಗೂ ಉರಿಗೂ ನಡುವೆ ಇದ್ದ ಬಯಲು ಹಾಗೇ ಖಾಲಿ ಇತ್ತು. ಆದರೂ ದನಿ ತಲುಪಲಿಲ್ಲ. ಅಂದರೆ ಅದು ಬರುತ್ತಿದ್ದದ್ದು ತಗಡಿನ ಮೈಗುಂಟ ಮಾತ್ರ.

ಮನೆಯಲ್ಲೇ ಇದನ್ನು ನೋಡಬಹುದು. ಹಿಟ್ಟು ನಾದುವ ಪರಾತ ತೆಗೆದುಕೊಳ್ಳಿ. ಒಂದು ಗೋಲಿಯನ್ನು ಅದರ ಅಂಚಿಗುಂಟ ಜೋರಾಗಿ ಉರುಳಿಸಿ. ಗೋಲಿ ಅಂಚು ಬಿಡದೆ ಸುತ್ತುತ್ತದೆ. ಅದೇ ಗೋಲಿಯನ್ನು ನಡುವಿನಿಂದ ಹಾಯುವಂತೆ ಹೊಡೆದರೆ ಎದುರಿನ ಅಂಚಿಗೆ ಬಡಿದು ವಾಪಸ್ ಬರುತ್ತದೆ. ಗೋಡೆಗೆ ಬಾಯಿ ಹತ್ತಿರ ತಂದು ಪಿಸುಗುಟ್ಟಿದ ದನಿ ಅಂಚಿನ ಗೋಲಿಯ ಹಾಗೆ. ಗೋಡೆಗೆ ಓರೆಯಾಗಿ ತಾಕುತ್ತದೆ, ಅಷ್ಟೇ ಓರೆಯಾಗಿ ಪುಟಿಯುತ್ತದೆ, ಮತ್ತೆ ಗೋಡೆಯೇ ಸಿಗುತ್ತದೆ. ಗೋಡೆ ದುಂಡಗಿರುವ ತನಕ ಅದು ನಡುವಿಗೆ ಬರುವ ಹಾಗೇ ಇಲ್ಲ.

ಇದರಿಂದ ಇನ್ನೊಂದು ಲಾಭ ಇದೆ. ಬಯಲಲ್ಲಿ ಆಡಿದ ಮಾತು ಎಲ್ಲ ದಿಕ್ಕಿಗೂ ಹರಡುತ್ತದೆ. ದೂರ ಎರಡು ಪಟ್ಟಾದರೆ ದನಿಯ ಬಲ ಕಾಲುಭಾಗಕ್ಕೆ ಇಳಿಯುತ್ತದೆ. ಗೋಡೆಗೆ ಅಂಟಿ ಹೋಗುವ ದನಿಗೆ ಹರಡಲು ಅಷ್ಟು ಜಾಗ ಇಲ್ಲ. ಅದೇ ದೂರಕ್ಕೆ ಬಲ ಸುಮಾರು ಅರ್ಧಕ್ಕೆ ಮಾತ್ರ ಇಳಿಯುತ್ತದೆ. ಅದಕ್ಕೇ ಗುಮ್ಮಟದ ಆಚೆ ತುದಿಯಲ್ಲಿ ಹರಿದ ಕಾಗದದ ಪರಪರ ಸದ್ದೂ ಈಚೆಗೆ ಕೇಳುತ್ತದೆ.

ಹಾಗಾದರೆ ಜೋರಾಗಿ ಮಾತಾಡಿದರೆ ಇನ್ನೂ ಚೆನ್ನಾಗಿ ಕೇಳಬೇಕು, ಅಲ್ವಾ? ಇಲ್ಲ. ಗಟ್ಟಿ ದನಿಯಲ್ಲಿ ಗಂಟಲಿನ ಗುಂಗು ಇರುತ್ತದೆ. ಗಂಡಸಿನ ದನಿಯ ಆ ಗುಂಗಿನ ಅಲೆ ಸುಮಾರು ಮೂರು ಮೀಟರ್ ಉದ್ದ. ಅಷ್ಟು ಉದ್ದದ ಅಲೆ ಗೋಡೆಗೆ ಅಂಟಿಕೊಂಡು ಹೋಗದೆ ಗುಮ್ಮಟದ ತುಂಬ ಹರಡುತ್ತದೆ. ಪಿಸುಮಾತಿನಲ್ಲಿ ಗಂಟಲು ಮಿಡಿಯುವುದೇ ಇಲ್ಲ. ಇರುವುದೆಲ್ಲ ಸ, ಶ, ಚ ಎನ್ನುವ ಉಸಿರಿನ ಸದ್ದು. ಅದರ ಅಲೆ ಒಂದು ಗೇಣಿಗಿಂತ ಚಿಕ್ಕದು. ಅಲೆ ಚಿಕ್ಕದಾದಷ್ಟೂ ಗೋಡೆಯ ಹತ್ತಿರ.

ಏಳು ಸಲ ಕೇಳುವ ಮಾರ್ದನಿಯದು ಬೇರೆಯೇ ಕಥೆ. ಒಂದೇ ಕಟ್ಟಡದಲ್ಲಿ ಎರಡು ಸೋಜಿಗ ಇವೆ. ನಾವು ಎರಡನ್ನೂ ಕಲಸಿಬಿಡುತ್ತೇವೆ. ಮಾರ್ದನಿ ಎಂದರೆ ಪರಾತದ ನಡುವೆ ಹಾಯ್ದು ಹೋದ ಗೋಲಿ. ಗುಮ್ಮಟದ ಒಳಗಿನ ಅಡ್ಡಳತೆ ಸುಮಾರು 38 ಮೀಟರ್. ಚಪ್ಪಾಳೆ ಹೊಡೆದರೆ ಸದ್ದು ಎದುರಿನ ಗೋಡೆಗೆ ಹೋಗಿ ಬರಲು 76 ಮೀಟರ್ ಓಡಬೇಕು. ಗಾಳಿಯಲ್ಲಿ ಸದ್ದಿನ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಹೋಗಿ ಬರಲು ಸೆಕೆಂಡಿನ ಐದನೇ ಒಂದು ಭಾಗಕ್ಕಿಂತ ತುಸು ಜಾಸ್ತಿ ಬೇಕು. ಎರಡು ಸದ್ದುಗಳ ನಡುವೆ ಸೆಕೆಂಡಿನ ಹತ್ತನೇ ಒಂದು ಭಾಗ ಬಿಡುವಿದ್ದರೂ ನಮ್ಮ ಕಿವಿ ಅವನ್ನು ಬೇರೆ ಬೇರೆ ಅಂತ ಗುರುತಿಸುತ್ತದೆ. ಮನೆಯ ಕೋಣೆಯಲ್ಲೂ ಸದ್ದು ಗೋಡೆಗೆ ಬಡಿದು ಬರುತ್ತದೆ. ಬಿಡುವು ಸಾಲದೆ ಮೂಲ ಸದ್ದಿನಲ್ಲೇ ಬೆರೆತುಹೋಗುತ್ತದೆ, ಅಷ್ಟೇ. ಗುಮ್ಮಟದಲ್ಲಿ ಏಳನೇ ಮಾರ್ದನಿ ನಿಮ್ಮ ಕಿವಿಗೆ ಬೀಳುವ ಹೊತ್ತಿಗೆ ಆ ಒಂದು ಚಪ್ಪಾಳೆ ಅರ್ಧ ಕಿಲೋಮೀಟರಿಗಿಂತ ಜಾಸ್ತಿ ಓಡಿರುತ್ತದೆ.

ಅಳತೆಯ ಮಾತು ಬಂತು, ಒಂದು ವಿಷಯ ಹೇಳಲೇಬೇಕು. ಗೋಳಗುಮ್ಮಟ ಜಗತ್ತಿನ ಎರಡನೇ ದೊಡ್ಡ ಗುಮ್ಮಟ ಅಂತ ನಾವೆಲ್ಲ ಶಾಲೆಯಲ್ಲಿ ಬಾಯಿಪಾಠ ಮಾಡಿದ್ದೇವೆ. ಒಳ ಅಳತೆ ಹಿಡಿದರೆ ಅದು ಸರಿಯಲ್ಲ. ರೋಮಿನ ಪ್ಯಾಂಥಿಯನ್ ಸುಮಾರು 43 ಮೀಟರ್ ಇದೆ. ವ್ಯಾಟಿಕನ್ನಿನ ಸೇಂಟ್ ಪೀಟರ್ಸ್ ಕೂಡ 41 ಮೀಟರ್ ದಾಟುತ್ತದೆ. ಫ್ಲಾರೆನ್ಸಿನ ಕೆಥೆಡ್ರಲ್ ಗುಮ್ಮಟವೂ ನಮ್ಮದಕ್ಕಿಂತ ದೊಡ್ಡದು. ಆದರೆ 1656ರಲ್ಲಿ ತೀರಿಕೊಂಡ ಮೊಹಮ್ಮದ್ ಆದಿಲ್ ಶಾಹನ ಈ ಗೋರಿಗೆ ಸುಳ್ಳು ಬಿರುದು ಬೇಕಾಗಿಲ್ಲ. ಕೆಳಗಿನ ಹಜಾರದ ನಡುವೆ ಒಂದೇ ಒಂದು ಕಂಬ ಇಲ್ಲ. ಚೌಕದ ಮೇಲೆ ದುಂಡು ಗುಮ್ಮಟ ಕೂರಿಸಲು ಎಂಟು ಕಮಾನುಗಳನ್ನು ಒಂದರೊಳಗೊಂದು ಹಾಯುವಂತೆ ಹೆಣೆದಿದ್ದಾರೆ. ಗುಮ್ಮಟದ ಭಾರವೆಲ್ಲ ಆ ಹೆಣಿಗೆಯಿಂದ ಗೋಡೆಗಳಿಗೆ ಇಳಿಯುತ್ತದೆ. ನನಗಂತೂ ಅದನ್ನು ತಲೆಯೆತ್ತಿ ಎಷ್ಟು ಸಲ ನೋಡಿದರೂ ಸಾಕು ಅನ್ನಿಸಿಲ್ಲ.

ಸದ್ದಿನ ಕಥೆ ಊರಿನ ಪಶ್ಚಿಮದ ಕೋಟೆಗೋಡೆಯಲ್ಲೂ ಸಿಗುತ್ತದೆ. ಷೇರ್ಜಾ ಬುರುಜಿನ ಮೇಲೆ ಮಲಿಕ್-ಎ-ಮೈದಾನ್ ತೋಪು ಇದೆ. 1549ರಲ್ಲಿ ಅಹಮದ್‌ನಗರದಲ್ಲಿ ಎರಕ ಹೊಯ್ದದ್ದು, ಸುಮಾರು 55 ಟನ್ ತೂಕ. 1854ರಲ್ಲಿ ಬ್ರಿಟಿಷರು ಇದನ್ನು ಹರಾಜಿಗೆ ಇಟ್ಟಾಗ ಬಂದ ಬೆಲೆ 150 ರೂಪಾಯಿ. ಪುಣ್ಯಕ್ಕೆ ಮಾರಾಟ ರದ್ದಾಯಿತು. ಬತ್ತಿಗೆ ಬೆಂಕಿ ಇಟ್ಟ ಕೂಡಲೇ ತೋಪಿನವನು ಪಕ್ಕದ ನೀರಿನ ತೊಟ್ಟಿಗೆ ಹಾರಿ ಮುಳುಗುತ್ತಿದ್ದ, ಇಲ್ಲದಿದ್ದರೆ ಕಿವಿ ಹೋಗುತ್ತಿತ್ತು ಅಂತ ಊರಲ್ಲಿ ಹೇಳುತ್ತಾರೆ. ಕಥೆಯೇ ಇರಬಹುದು, ಆದರೆ ಅದರೊಳಗಿನ ವಿಜ್ಞಾನ ಗಟ್ಟಿ. ಗಾಳಿಯಲ್ಲಿ ಬಂದ ಸದ್ದಿಗೆ ನೀರಿನ ಮೇಲ್ಮೈ ಒಂದು ಗೋಡೆಯೇ. ಸಾವಿರದಲ್ಲಿ ಸುಮಾರು ಒಂದು ಪಾಲು ಮಾತ್ರ ಒಳಗೆ ಇಳಿಯುತ್ತದೆ, ಉಳಿದದ್ದು ಮೇಲೆಯೇ ಪುಟಿದುಹೋಗುತ್ತದೆ.

ಮತ್ತೆ ಗ್ಯಾಲರಿಗೆ ಬರೋಣ. ರೇಲಿ 1910ರಲ್ಲಿ ಈ ಪಿಸುಮಾತಿನ ಗಣಿತವನ್ನೂ ಬರೆದರು. 1921ರಲ್ಲಿ ಕಲ್ಕತ್ತೆಯ ಒಬ್ಬ ಪ್ರೊಫೆಸರ್ ಇಂಗ್ಲೆಂಡಿಗೆ ಹೋದರು. ವೀಣೆ, ಮೃದಂಗಗಳ ನಾದದ ಮೇಲೆ ಕೆಲಸ ಮಾಡಿದ್ದವರು, ಸಿ. ವಿ. ರಾಮನ್. ಸೇಂಟ್ ಪಾಲ್ಸ್ ಗ್ಯಾಲರಿಯಲ್ಲಿ ಕಿವಿಯಿಟ್ಟು ಕೇಳಿದರು. ಗೋಡೆಯಿಂದ ಒಳಕ್ಕೆ ಸರಿದ ಹಾಗೆ ದನಿ ಸುಮ್ನೆ ಕಡಿಮೆಯಾಗುತ್ತಾ ಹೋಗುವುದಿಲ್ಲ, ಇಳಿದು ಏರಿ ಮತ್ತೆ ಇಳಿಯುತ್ತದೆ ಎಂದು ಗುರುತಿಸಿದರು. ಅಲೆ ಅಲೆ ಸೇರಿ ಕೆಲವು ಕಡೆ ಬಲವಾಗುತ್ತವೆ, ಕೆಲವು ಕಡೆ ಒಂದನ್ನೊಂದು ಅಳಿಸುತ್ತವೆ. 1922ರಲ್ಲಿ ಭಾರತದ ಇಂಥ ಗ್ಯಾಲರಿಗಳ ಬಗ್ಗೆ ಬರೆದ ಪ್ರಬಂಧದಲ್ಲಿ ನಮ್ಮ ಗೋಳಗುಮ್ಮಟವೂ ಇದೆ. ಇಂಗ್ಲೆಂಡಿನ ಅದೇ ಪ್ರಯಾಣದಲ್ಲಿ, ಹಡಗಿನಲ್ಲಿ ವಾಪಸ್ ಬರುವಾಗ, ಮೆಡಿಟರೇನಿಯನ್ ಸಮುದ್ರದ ನೀಲಿ ಅವರನ್ನು ಹಿಡಿದು ನಿಲ್ಲಿಸಿತು. ಅಲ್ಲಿಂದ ಹೊರಟ ದಾರಿ 1928ರ ರಾಮನ್ ಪರಿಣಾಮಕ್ಕೂ 1930ರ ನೊಬೆಲ್‌ಗೂ ಮುಟ್ಟಿತು. ಗುಮ್ಮಟದ ಪಿಸುಮಾತು ಮತ್ತು ಸಮುದ್ರದ ಬಣ್ಣ ಒಂದೇ ವರ್ಷ ಒಬ್ಬನೇ ಮನುಷ್ಯನ ತಲೆಯಲ್ಲಿದ್ದವು. ಶಾಲೆಯ ಪುಸ್ತಕದಲ್ಲಿ ಸಮುದ್ರ ಮಾತ್ರ ಉಳಿದಿದೆ. ಗುಮ್ಮಟವನ್ನೂ ಸೇರಿಸಬೇಕು ಅಂತ ನನ್ನ ಆಸೆ.

ಈಗ ಇದೇ ಆಟವನ್ನು ಬೆಳಕಿನಿಂದ ಆಡಿಸುತ್ತಾರೆ. ಆಪ್ಟಿಕಲ್ ಫೈಬರ್ ಅಂದರೆ ಬೆಳಕು ಸಾಗಿಸುವ ಗಾಜಿನ ಎಳೆ. ಅದರ ತುದಿಯನ್ನು ಕರಗಿಸಿದರೆ ಒಂದು ಪುಟ್ಟ ಗಾಜಿನ ಮಣಿಯಾಗುತ್ತದೆ. ಗಾತ್ರ ಹೆಚ್ಚು ಕಡಿಮೆ ಕೂದಲಿನ ದಪ್ಪ. ಅದರೊಳಗೆ ಬಿಟ್ಟ ಬೆಳಕು ಗಾಜಿನ ಅಂಚಿಗುಂಟ ಸಾವಿರಾರು ಸುತ್ತು ಹೊಡೆಯುತ್ತದೆ. ಸುತ್ತು ಮುಗಿಸಿದ ಅಲೆ ತನ್ನ ಬಾಲಕ್ಕೆ ಸರಿಯಾಗಿ ಕೂಡಬೇಕು. ಹಾಗೆ ಕೂಡುವ ಬಣ್ಣ ಮಾತ್ರ ಒಳಗೆ ಉಳಿಯುತ್ತದೆ. ಮಣಿಯ ಮೇಲೆ ಒಂದು ವೈರಸ್ ಬಂದು ಕೂತರೂ ಬೆಳಕಿನ ದಾರಿ ತುಸುವೇ ತುಸು ಉದ್ದವಾಗುತ್ತದೆ, ಅದೂ ಕೂದಲೆಳೆಯ ದಪ್ಪಕ್ಕಿಂತ ಎಷ್ಟೋ ಕಡಿಮೆ. ಉಳಿಯುವ ಬಣ್ಣ ಅಷ್ಟಕ್ಕೇ ತುಸು ಸರಿಯುತ್ತದೆ. 2008ರಲ್ಲಿ ಹೀಗೇ ಫ್ಲೂ ಜ್ವರದ ಒಂದೊಂದೇ ವೈರಸನ್ನು ಪತ್ತೆ ಮಾಡಿ ತೋರಿಸಿದರು. ಬೆಳಕಿನ ಈ ಸುತ್ತಾಟಕ್ಕೆ ಇಟ್ಟಿರುವ ಹೆಸರು ವಿಸ್ಪರಿಂಗ್ ಗ್ಯಾಲರಿ ಮೋಡ್. ಪಿಸುಮಾತಿನ ಗ್ಯಾಲರಿಯ ಹೆಸರೇ.

ಮುಂದಿನ ಸಲ ಗೋಳಗುಮ್ಮಟಕ್ಕೆ ಹೋದಾಗ ಜೊತೆಗೆ ಒಬ್ಬರನ್ನು ಕರೆದುಕೊಂಡು ಹೋಗಿ. ಅವರು ಒಂದೇ ಜಾಗದಲ್ಲಿ ನಿಂತು, ಗೋಡೆಗೆ ಮುಖ ಮಾಡಿ, ಬಿಡದೆ ಪಿಸುಗುಟ್ಟಲಿ. ನೀವು ಎದುರಿಗೆ ಹೋಗಿ ನಿಲ್ಲುವ ಅವಸರ ಮಾಡಬೇಡಿ. ಗೋಡೆಗುಂಟ ನಡೆಯುತ್ತಾ ಹತ್ತು ಹೆಜ್ಜೆಗೊಮ್ಮೆ ಕಿವಿ ಕೊಡಿ. ಆಮೇಲೆ ಒಂದು ಕಡೆ ನಿಂತು, ಕಿವಿಯನ್ನು ಗೋಡೆಯಿಂದ ಒಂದೊಂದೇ ಬೆರಳಿನಷ್ಟು ನಿಧಾನವಾಗಿ ದೂರ ಸರಿಸಿ. ದನಿ ಮಸುಕಾಗುವುದು, ಮತ್ತೆ ಬರುವುದು ಸಿಗುತ್ತದಾ ನೋಡಿ.